ರಾಸಾಯನಿಕ ವಿದ್ಯುತ್ತು, ಜೀವದೇಹ ಮತ್ತು ಕೋಲಾರದ ಚಿನ್ನ

1902ನೆಯ ಇಸವಿ ಜೂನ್ 30ರಂದು ಕಾವೇರಿಯ ಶಿವನಸಮುದ್ರದಿಂದ ಸುಮಾರು 92 ಮೈಲಿಗಳ ದೂರ ಹರಿದುಬಂದ ವಿದ್ಯುಚ್ಛಕ್ತಿಯು ಕೋಲಾರದ ಚಿನ್ನದ ಗಣಿಗಳ ಯಂತ್ರಗಳನ್ನು ನಡೆಸತೊಡಗಿತೆಂಬುದು ಮೈಸೂರು ದೇಶದ ಚರಿತ್ರೆಯಲ್ಲಿ ಪ್ರಸಿದ್ಧವಾದ ಸಂಗತಿ. ಆದರೆ ಆ ಪ್ರಾಂತಕ್ಕೆ ವಿದ್ಯುತ್ತು ಅಂದೇ ಮೊದಲು ಬಂದಿತೆಂದು ಹೇಳುವುದು ಸರಿಯಾಗದು. ಹಿಂದೆ ಬೌರಿಂಗ್‌ಪೇಟೆಯೆಂದು ಹೆಸರಾಗಿದ್ದ ಬಂಗಾರಪೇಟೆಯ ಮಾರ್ಗವಾಗಿ ಬೆಂಗಳೂರಿಗೆ 1864ರಲ್ಲಿಯೇ ರೈಲು ಬಂದಿತ್ತು. ಅಲ್ಲಿಂದ ಗಣಿಗಳಿಗೆ 1894ರಲ್ಲಿ ಕವಲುದಾರಿಯಾಯಿತು. ಆ ಕಾಲದ ರೈಲ್ವೆ ತಂತಿಯಂತ್ರಗಳಿಗೆ ಬೇಕಾದ ಶಕ್ತಿಯು ಜಲಪಾತದಿಂದ ಬಂದುದಲ್ಲ. ಲೋಹವನ್ನು ದ್ರವದಲ್ಲಿ ಅದ್ದಿದ ಕೋಶಗಳಿಂದ ಹುಟ್ಟಿದುದು. ಗಣಿಗಳ ಸಯನೈಡ್ ಕಾರ್ಖಾನೆಗಳಲ್ಲಿಯೂ ಇಂತಹ ವಿದ್ಯುತ್ತು ತಂತಿಯಿಲ್ಲದೆ, ಚಕ್ರವಿಲ್ಲದೆ, ಕಣ್ಣಿಗೆ ಕಾಣದಂತೆ ಕೆಲಸಮಾಡುತ್ತಿದ್ದಿತು. ಇದರ ಸ್ವರೂಪವನ್ನು ತಿಳಿಯಬೇಕಾದರೆ ಒಂದು ಕಪ್ಪೆಯ ಕಾಲಿನಿಂದ ಹುಟ್ಟಿದ ಹಳೆಯ ವಾದವನ್ನು ನೆನೆಯಬೇಕಾಗುತ್ತದೆ.

ಇಟಲಿ ದೇಶದ ಬೊಲೋನ್ಯ ನಗರದಲ್ಲಿ ಶರೀರಶಾಸ್ತ್ರದ ಅಧ್ಯಾಪಕನಾಗಿದ್ದ ಲುಯಿಜಿ ಗಾಲ್ವಾನಿಯು, ಸತ್ತ ಕಪ್ಪೆಯ ಕಾಲುಗಳನ್ನು ಬೆನ್ನುಹುರಿಗೆ ಚುಚ್ಚಿದ ಹಿತ್ತಾಳೆಯ ಕೊಕ್ಕೆಯಿಂದ ಕಬ್ಬಿಣದ ಕಟಕಟೆಗೆ ತೂಗುಹಾಕಿದಾಗ, ಹತ್ತಿರ ಯಾವ ಯಂತ್ರವೂ ಇಲ್ಲದಿದ್ದರೂ ಅವು ಸೆಳೆತುಕೊಳ್ಳುವುದನ್ನು ಕಂಡನು. ಪ್ರಾಣಿಯ ದೇಹದಲ್ಲಿಯೇ ಒಂದು ವಿದ್ಯುತ್ತು ಅಡಗಿದೆ, ಲೋಹವು ಅದಕ್ಕೆ ದಾರಿಮಾತ್ರ ಎಂದು ಅವನು ಊಹಿಸಿ, 1791ರಲ್ಲಿ ಲ್ಯಾಟಿನ್ ಭಾಷೆಯ ಗ್ರಂಥವೊಂದರಿಂದ ಅದನ್ನು ಪ್ರಕಟಿಸಿದನು. ಪಾವಿಯ ನಗರದ ಅಲೆಸ್ಸಾಂಡ್ರೊ ವೋಲ್ಟನು ಮೊದಲು ಇದನ್ನು ಒಪ್ಪಿ, ಬಳಿಕ ಎದುರು ನಿಂತನು. ಎರಡು ಬೇರೆ ಬೇರೆ ಲೋಹಗಳು ಕೂಡಿದಲ್ಲಿಯೇ ವಿದ್ಯುತ್ತು ಹುಟ್ಟುವುದು, ಕಪ್ಪೆಯ ಕಾಲು ಅದನ್ನು ತೋರಿಸುವ ಸೂಕ್ಷ್ಮವಾದ ಮಾಪಕವಷ್ಟೆ ಎಂಬುದು ಅವನ ಪಕ್ಷ. 1794ರಲ್ಲಿ ಗಾಲ್ವಾನಿಯ ಪಕ್ಷದವರು, ಲೋಹದ ಸೋಂಕೇ ಇಲ್ಲದೆ ನರವನ್ನು ಮಾಂಸಖಂಡಕ್ಕೆ ತಾಗಿಸಿದರೂ ಕಾಲು ಅದಿರುವುದೆಂದು ತೋರಿಸಿಕೊಟ್ಟರು. ಹೀಗೆ ಪೂರ್ವಪಕ್ಷಕ್ಕೂ ಉತ್ತರಪಕ್ಷಕ್ಕೂ ಪ್ರತ್ಯಕ್ಷಪ್ರಮಾಣವೇ ಆಧಾರವಾಗಿ ನಿಂತಿತು.

ವೋಲ್ಟನು 1800ನೆಯ ಮಾರ್ಚ್ 20ರಂದು ಲಂಡನ್ನಿನ ರಾಯಲ್ ಸೊಸೈಟಿಯ ಅಧ್ಯಕ್ಷನಿಗೆ ಬರೆದ ಪತ್ರದಲ್ಲಿ ತನ್ನ ಸ್ತಂಭವನ್ನು ವರ್ಣಿಸಿದನು. ಬೆಳ್ಳಿಯ ಬಿಲ್ಲೆ, ಸತುವಿನ ಬಿಲ್ಲೆ, ಉಪ್ಪುನೀರಿನಲ್ಲಿ ನೆನೆಸಿದ ರಟ್ಟು, ಹೀಗೆ ಒಂದರ ಮೇಲೊಂದನ್ನು ಪೇರಿಸಿದರೆ ಎಡೆಬಿಡದ ಪ್ರವಾಹವು ದೊರೆಯುವುದು. ಅದರ ಪರಿಣಾಮಗಳನ್ನು ಅವನು ಪರೀಕ್ಷಿಸಿದುದು ತನ್ನ ದೇಹದ ಮೇಲೆಯೇ. ನೀರಿನಲ್ಲಿ ಅದ್ದಿದ ಕೈಗಳಿಗೆ ಪೆಟ್ಟು ತಗುಲಿತು. ನಾಲಗೆಗೆ ಹುಳಿರುಚಿ ತೋರಿತು. ಕಣ್ಣಿಗೆ ಬೆಳಕು ಮಿಂಚಿತು. ಕಿವಿಗಳಲ್ಲಿ ಲೋಹದ ಕಡ್ಡಿಗಳನ್ನಿಟ್ಟುಕೊಂಡಾಗ ತಲೆ ಅದುರಿ, ಏನೋ ಕುದಿಯುವಂತಹ ಶಬ್ದ ಕೇಳಿಸಿತು. ಅಪಾಯವೆಂದು ಭಾವಿಸಿ ಆ ಕಡೆಯ ಪ್ರಯೋಗವನ್ನು ಅವನು ಮತ್ತೆ ಮತ್ತೆ ಮಾಡಲಿಲ್ಲ. ಹೊರಗಿನ ಕಾರಣವು ಒಂದೇ. ಅದನ್ನು ಒಂದು ಇಂದ್ರಿಯವು ರುಚಿಯಾಗಿಯೂ ಒಂದು ಬೆಳಕಾಗಿಯೂ ಒಂದು ನಾದವಾಗಿಯೂ ಗ್ರಹಿಸಿತೆಂಬುದು ಇಲ್ಲಿ ಗಮನಿಸತಕ್ಕ ಅಂಶ.

ಈ ಸಂಯಮವು ಎಲ್ಲರಲ್ಲಿಯೂ ಇರಲಿಲ್ಲ. ಗಾಲ್ವಾನಿಯ ಸೋದರಳಿಯನಾದ ಜೊವಾನ್ನಿ ಆಲ್ಡಿನಿಯು 1803ನೆಯ ಜನವರಿಯಲ್ಲಿ ಲಂಡನ್ನಿನಲ್ಲಿ, ಗಲ್ಲಿಗೇರಿಸಲ್ಪಟ್ಟ ಒಬ್ಬ ಅಪರಾಧಿಯ ಶವದ ಮೇಲೆ ಪ್ರವಾಹವನ್ನು ಹಾಯಿಸಿದನು. ದವಡೆ ನಡುಗಿತು, ಒಂದು ಕಣ್ಣು ತೆರೆಯಿತು, ಕೈ ಮೇಲೆದ್ದು ಮುಷ್ಟಿಗಟ್ಟಿತು. ಸತ್ತವನು ಬದುಕಿದನೆಂದು ನೋಡಿದವರಲ್ಲಿ ಕೆಲವರಿಗೆ ಭ್ರಾಂತಿಯಾಯಿತು. ಆದರೆ ಪ್ರವಾಹವು ನಿಂತೊಡನೆ ಚಲನೆಯೂ ನಿಂತಿತು. ಮಾಂಸಖಂಡವು ಕುಗ್ಗುವುದು ಒಂದು, ಪ್ರಾಣವಿರುವುದು ಮತ್ತೊಂದು, ಚಲನೆಯೊಂದೇ ಜೀವಲಕ್ಷಣವಲ್ಲ.

ವಾದವಾದರೋ ಉಭಯಪಕ್ಷಗಳೂ ಎಣಿಸದಿದ್ದ ಕಡೆಗೆ ತಿರುಗಿತು. ಸ್ತಂಭವು ಕೆಲಸಮಾಡುವಾಗ ಸತುವು ಸವೆಯುತ್ತಿದ್ದಿತು. ಲೋಹಗಳ ಸ್ಪರ್ಶಮಾತ್ರದಿಂದ ಶಕ್ತಿಯು ಅಕ್ಷಯವಾಗಿ ಹುಟ್ಟದು, ರಾಸಾಯನಿಕ ಕ್ರಿಯೆಯೇ ಅದರ ಮೂಲವೆಂಬ ಮತವು ಬಲಗೊಂಡಿತು. ಕರಗಿದ ದ್ರವ್ಯದ ತೂಕಕ್ಕೂ ಹರಿದ ವಿದ್ಯುತ್ತಿನ ಮೊತ್ತಕ್ಕೂ ಇರುವ ನಿಯತವಾದ ಅನುಪಾತವನ್ನು ಮೈಕೇಲ್ ಫ್ಯಾರಡೆಯು 1834ರಲ್ಲಿ ಸ್ಥಾಪಿಸಿದನು. ಗಾಲ್ವಾನಿಯ ಮಾತೂ ಹುಸಿಯಾಗಲಿಲ್ಲ. ನರದ ತೆಳುಪೊರೆಯ ಒಳಗೂ ಹೊರಗೂ ಸೋಡಿಯಂ, ಪೊಟಾಸಿಯಂ ಲವಣಗಳ ಕಣಗಳು ಸಮನಾಗಿಲ್ಲದಿರುವುದರಿಂದ ಅಲ್ಲಿ ವೋಲ್ಟಿನ ನೂರರಲ್ಲಿ ಏಳು ಭಾಗದಷ್ಟು ವಿದ್ಯುದಂತರವಿರುವುದೆಂದೂ, ಆ ಕಣಗಳ ಸಂಚಾರವೇ ನರದ ಸಂದೇಶವೆಂದೂ ಇಪ್ಪತ್ತನೆಯ ಶತಮಾನದ ಸಂಶೋಧನೆಗಳಿಂದ ಸಿದ್ಧವಾಯಿತು.

ಇನ್ನು ಕೋಲಾರದ ಗಣಿಗಳ ವಿಷಯ. ಗ್ಲಾಸ್ಗೋ ನಗರದಲ್ಲಿ 1887ರಲ್ಲಿ ರೂಪುಗೊಂಡ ಸಯನೈಡ್ ವಿಧಾನದಂತೆ, ಅರೆದ ಅದಿರಿನ ಮರಳಿನಲ್ಲಿ ಉಳಿದ ಚಿನ್ನವನ್ನು ತೆಳುವಾದ ಸಯನೈಡ್ ದ್ರವದಲ್ಲಿ ಕರಗಿಸಿ, ಆ ದ್ರವವನ್ನು ಸತುವಿಗೆ ಸೋಂಕಿಸುತ್ತಾರೆ. ಸತುವು ಕರಗುತ್ತದೆ, ಚಿನ್ನವು ಕಪ್ಪು ಕೆಸರಿನಂತೆ ಬೇರ್ಪಡುತ್ತದೆ. ಇದು ವೋಲ್ಟನ ಕೋಶವೇ ಸರಿ. ಸತುವಿನ ಮೈಯಲ್ಲಿ ಒಂದೆಡೆ ಲೋಹವು ಕರಗುವಾಗ ಬಿಡುಗಡೆಯಾದ ವಿದ್ಯುತ್ಕಣಗಳು ಆ ಲೋಹದಲ್ಲಿಯೇ ಸಾಗಿ, ಇನ್ನೊಂದೆಡೆ ಚಿನ್ನವನ್ನು ದ್ರವದಿಂದ ಹೊರಗೆಳೆಯುತ್ತವೆ. ಫ್ಯಾರಡೆಯ ನಿಯಮದ ಲೆಕ್ಕಕ್ಕೆ ಒಂದು ತೊಲ ಸತುವು ಆರು ತೊಲ ಚಿನ್ನವನ್ನು ಬಿಡಿಸಬಲ್ಲುದು. ಸತುವು ನೀರಿನೊಡನೆಯೂ ವರ್ತಿಸುವುದರಿಂದ ರೂಢಿಯಲ್ಲಿ ಅದಕ್ಕಿಂತ ಹೆಚ್ಚು ವೆಚ್ಚವಾಗುತ್ತದೆ.

ಗಣಿಗಳು 2001ನೆಯ ಫೆಬ್ರವರಿ 28ರಂದು ಮುಚ್ಚಲ್ಪಟ್ಟವು. ಚಿನ್ನ ತೆಗೆದುಳಿದ ಸಯನೈಡ್ ಮರಳಿನ ದಿಬ್ಬಗಳು ಮಾತ್ರ ಊರಿನ ಮಗ್ಗುಲಲ್ಲಿ ನಿಂತಿವೆ. ಕಪ್ಪೆಯ ಕಾಲು ದೇಹವೋ ಲೋಹವೋ ಎಂದು ಕೇಳಿದ ಪ್ರಶ್ನೆಗೆ ರಸಾಯನಶಾಸ್ತ್ರವು ಕೊಟ್ಟ ಉತ್ತರದಲ್ಲಿ ನರದ ಸಂದೇಶವೂ ಬಂಗಾರಪೇಟೆಯ ತಂತಿಯ ವಾರ್ತೆಯೂ ಆ ಮರಳಿನಿಂದ ಬೇರ್ಪಟ್ಟ ಚಿನ್ನವೂ ಏಕಸೂತ್ರದಲ್ಲಿ ಸೇರುತ್ತವೆ.