ಅಜ್ಜಿಯ ಸುಣ್ಣದಿಂದ ಮೆಕ್ಸಿಕೊದ ಸಾರು

ಮಕ್ಕಳೇ, ಸೂಡಿಯ ಜೋಡುಕಳಸದ ಗುಡಿ ಕಟ್ಟಿದ 11ನೇ ಶತಮಾನದಲ್ಲಿ ನಮ್ಮ ಹೊಲಗಳಲ್ಲಿ ಗೋವಿನಜೋಳ ಇರಲಿಲ್ಲ, ಅಡುಗೆಮನೆಯಲ್ಲಿ ಮೆಣಸಿನಕಾಯಿಯೂ ಇರಲಿಲ್ಲ. ಎರಡೂ ಆಮೇಲೆ ಅಮೆರಿಕ ಖಂಡದಿಂದ ಬಂದವು. ಒಂದು ಉಪಾಯ ಮಾತ್ರ ಅಲ್ಲೇ ಉಳಿಯಿತು: ಕಾಳನ್ನು ಸುಣ್ಣದ ನೀರಲ್ಲಿ ಬೇಯಿಸುವುದು.

ಗೋವಿನಜೋಳದಲ್ಲಿರುವ ನಯಾಸಿನ್ ಎಂಬ ಜೀವಸತ್ವ ಸುಮ್ಮನೆ ಬೇಯಿಸಿದರೆ ಮೈಗೆ ಹತ್ತುವುದಿಲ್ಲ. ಸುಣ್ಣ ಅದನ್ನು ಬಿಡಿಸಿಕೊಡುತ್ತದೆ. ಇದು ತಿಳಿಯದೆ ಬರೀ ಗೋವಿನಜೋಳ ಉಂಡ ಇಟಲಿಯ ಬಡವರಿಗೆ ಚರ್ಮ ಸುಲಿಯುವ ಪೆಲಾಗ್ರ ರೋಗ ಬಂತು.

ಮೆಕ್ಸಿಕೊದವರ ‘ಪೊಸೊಲೆ’ ಸಾರು ಹೀಗೆ ಸುಣ್ಣದಲ್ಲಿ ಬೆಂದ ಕಾಳಿನದು. ಅಜ್ಜಿ ಎಲೆಗೆ ಹಚ್ಚುವ ಸುಣ್ಣವೇ ಸಾಕು, ಹೊಸದಿರಲಿ. (ಗೋಡೆಗೆ ಬಳಿಯುವುದು ಬೇಡವೇ ಬೇಡ!) ಅರ್ಧ ಕಿಲೊ ಒಣಕಾಳಿಗೆ 2 ಲೀಟರ್ ನೀರು, 1 ಚಮಚ ಸುಣ್ಣ. ಸ್ಟೀಲ್ ಪಾತ್ರೆಯಲ್ಲಿ ಮುಕ್ಕಾಲು ತಾಸು ಕುದಿಸಿ, ರಾತ್ರಿಯಿಡೀ ಬಿಡಬೇಕು. ಸುಣ್ಣದ ನೀರು ಕಣ್ಣಿಗೆ ಸಿಡಿದರೆ ಅಪಾಯ. ಇದು ಹಿರಿಯರ ಕೆಲಸ. ಬೆಳಗ್ಗೆ ಅವರು ನಾಲ್ಕೈದು ನೀರಲ್ಲಿ ಚೆನ್ನಾಗಿ ತೊಳೆದುಕೊಟ್ಟ ಮೇಲೆ, ಕಾಳು ತಿಕ್ಕಿ ಸಿಪ್ಪೆ ಬಿಡಿಸುವುದು ಮೊಮ್ಮಕ್ಕಳ ಪಾಲು. ಬಲು ಮಜಾ!

ಆಮೇಲೆ ಹೊಸ ನೀರಲ್ಲಿ ಕಾಳು ಹೂವಿನಂತೆ ಅರಳುವವರೆಗೆ ಬೇಯಿಸಿ. ಎರಡು-ಮೂರು ತಾಸು ಹಿಡಿಯುತ್ತದೆ, ಅವಸರ ಮಾಡಬಾರದು. ಒಂದು ಕಿಲೊ ಕೋಳಿ, ಉಳ್ಳಾಗಡ್ಡಿ, ಬಳ್ಳೊಳ್ಳಿ, ಉಪ್ಪು ಹಾಕಿ ಮತ್ತೆ ಕುದಿಸಿ. ನೆನೆಸಿದ ಬ್ಯಾಡಗಿ ಮೆಣಸಿನಕಾಯಿ, ಜೀರಿಗೆ ರುಬ್ಬಿ ಸೇರಿಸಿ. ಮೆಕ್ಸಿಕೊದ ಮೆಣಸಿನಕಾಯಿ ಹುಡುಕುವುದೇಕೆ? ಬ್ಯಾಡಗಿಯದು ಬಣ್ಣ ಹೆಚ್ಚು, ಖಾರ ಕಡಿಮೆ. ಕೋಳಿ ತಿನ್ನದ ಮನೆಯವರು ಬೇಯಿಸಿದ ಅವರೆಕಾಳು ಹಾಕಲಿ, ಅದೂ ರುಚಿಯೇ.

ಬಟ್ಟಲಿಗೆ ಬಡಿಸಿ, ಮೇಲೆ ಹೆಚ್ಚಿದ ಎಲೆಕೋಸು, ಮೂಲಂಗಿ ಉದುರಿಸಿ, ಲಿಂಬೆಹಣ್ಣು ಹಿಂಡಿ. ಉಳಿದ ಸಾರು ಮರುದಿನಕ್ಕೆ ಗಟ್ಟಿಯಾಗುತ್ತದೆ. ಬಿಸಿನೀರು ಬೆರೆಸಿ ಕುದಿಸಿದರೆ ರೊಟ್ಟಿಗೆ ಚೆನ್ನ.