ಹೆತ್ತ ನಾಡು, ಸಾಕಿದ ನಾಡು

ಆಟಗಾರನೊಬ್ಬನು ಯಾವ ದೇಶದ ಪರವಾಗಿ ಕಣಕ್ಕಿಳಿಯಬೇಕೆಂಬುದು ನಮ್ಮ ಹಿರಿಯರ ಕಾಲದಲ್ಲಿ ಪ್ರಶ್ನೆಯೇ ಆಗಿರಲಿಲ್ಲ. ಹುಟ್ಟಿದೂರು, ಬೆಳೆದೂರು, ತಂದೆತಾಯಿಗಳ ಊರು ಇವು ಮೂರೂ ಬಹುಮಟ್ಟಿಗೆ ಒಂದೇ ಆಗಿದ್ದ ಆ ದಿನಗಳಲ್ಲಿ ಅಂಗಿಯ ಬಣ್ಣವನ್ನು ಜನ್ಮವೇ ನಿರ್ಣಯಿಸುತ್ತಿತ್ತು. ಈಗ ಹಾಗಿಲ್ಲ. ವಿದ್ಯೆಗಾಗಿ, ಉದ್ಯೋಗಕ್ಕಾಗಿ, ಕೆಲವೊಮ್ಮೆ ಪ್ರಾಣರಕ್ಷಣೆಗಾಗಿಯೇ ಜನರು ಸಮುದ್ರಗಳನ್ನು ದಾಟುತ್ತಿದ್ದಾರೆ. ಅವರ ಮಕ್ಕಳು ಮನೆಯಲ್ಲಿ ಒಂದು ಭಾಷೆ, ಬೀದಿಯಲ್ಲಿ ಇನ್ನೊಂದು ಭಾಷೆ ಆಡುತ್ತ ದೊಡ್ಡವರಾಗುತ್ತಿದ್ದಾರೆ. ಅಂತಹ ಮಕ್ಕಳಲ್ಲಿ ಒಬ್ಬನು ಕಾಲ್ಚೆಂಡಿನಾಟದಲ್ಲಿ ಅಸಾಧಾರಣನಾದರೆ ಆತನು ಯಾರವನು? ಹೆತ್ತ ನಾಡಿನವನೆ, ಸಾಕಿದ ನಾಡಿನವನೆ? 2021ನೆಯ ಇಸವಿಯ ಫೆಬ್ರವರಿಯಲ್ಲಿ ಈ ಪ್ರಶ್ನೆಯು ಜಮಾಲ್ ಮುಸಿಯಾಲ ಎಂಬ ಹುಡುಗನ ವಿಷಯದಲ್ಲಿ ಇಂಗ್ಲೆಂಡು ಜರ್ಮನಿಗಳ ನಡುವೆ ಎದ್ದಿತು. ಆಗ ಆತನಿಗೆ ಇನ್ನೂ ಹದಿನೆಂಟು ತುಂಬಿರಲಿಲ್ಲ.

ಈತನು 2003ನೆಯ ಇಸವಿ ಫೆಬ್ರವರಿ 26ರಂದು ಜರ್ಮನಿಯ ಷ್ಟುಟ್‌ಗಾರ್ಟ್ ನಗರದಲ್ಲಿ ಹುಟ್ಟಿದನು. ತಾಯಿ ಪೋಲೆಂಡಿನ ಮೂಲವುಳ್ಳ ಜರ್ಮನ್ ಮಹಿಳೆ. ತಂದೆ ನೈಜೀರಿಯಾ ಮೂಲದ ಬ್ರಿಟಿಷರು. ಹೀಗಾಗಿ ಎರಡಲ್ಲ, ಮೂರು ದೇಶಗಳು ಈತನನ್ನು ತಮ್ಮವನೆಂದು ಕರೆಯಬಹುದಾಗಿತ್ತು. ಬಾಲ್ಯದ ಮೊದಲ ವರ್ಷಗಳು ಫುಲ್ಡಾ ಎಂಬ ಊರಿನಲ್ಲಿ ಕಳೆದವು. ಅಲ್ಲಿಯ ಲೇನೆರ್ಟ್ಸ್ ಎಂಬ ಸಣ್ಣ ಸಂಘದಲ್ಲಿ ಚೆಂಡನ್ನು ಒದೆಯಲು ಆರಂಭಿಸಿದನು. 2010ರಲ್ಲಿ, ಏಳನೆಯ ವಯಸ್ಸಿನಲ್ಲಿ, ತಾಯಿಯ ವ್ಯಾಸಂಗದ ನಿಮಿತ್ತವಾಗಿ ಕುಟುಂಬವು ಇಂಗ್ಲೆಂಡಿನ ಸೌತಾಂಪ್ಟನ್ನಿಗೆ ಬಂದಿತು. ಹುಡುಗನು ಅಲ್ಲಿಯ ಸಂಘದಲ್ಲಿ ಸ್ವಲ್ಪ ಕಾಲ ಆಡಿ, ಆಮೇಲೆ ಲಂಡನ್ನಿನ ಚೆಲ್ಸಿ ಸಂಘದ ತರಬೇತಿ ಶಾಲೆಯನ್ನು ಸೇರಿದನು.

ಚೆಲ್ಸಿಯಲ್ಲಿ ಆತನು ಸುಮಾರು ಎಂಟು ವರ್ಷಗಳಿದ್ದನು. ಈ ಎಂಟು ವರ್ಷಗಳನ್ನು ವಾಚಕರು ಮನಸ್ಸಿನಲ್ಲಿಟ್ಟುಕೊಳ್ಳಬೇಕು. ಏಕೆಂದರೆ ಇಂಗ್ಲೆಂಡಿನ ಹಕ್ಕೆಲ್ಲ ಇದರ ಮೇಲೆಯೇ ನಿಂತಿದೆ. ವಿದ್ಯಾಭ್ಯಾಸವು ಕ್ರಾಯ್ಡನ್ನಿನ ವ್ಹಿಟ್‌ಗಿಫ್ಟ್ ಶಾಲೆಯಲ್ಲಿ ನಡೆಯಿತು. ಅದು 1596ರಲ್ಲಿ ಸ್ಥಾಪಿತವಾದ ಸಂಸ್ಥೆ. ನಾನ್ನೂರು ವರ್ಷ ಹಳೆಯದಾದ ಶಾಲೆಯೊಂದು ಆಟದ ಬಯಲನ್ನೂ ಪಾಠದ ಕೊಠಡಿಯನ್ನೂ ಸಮನಾಗಿ ಕಾಣುವುದನ್ನು ನೋಡಿದರೆ, ಆಟವಾಡುವ ಹುಡುಗನನ್ನು ಕೆಟ್ಟನೆಂದೇ ಎಣಿಸುವ ನಮ್ಮ ಉಪಾಧ್ಯಾಯವರ್ಗದ ನೆನಪಾಗದೆ ಇರದು. ಹುಡುಗನು ಇಂಗ್ಲೆಂಡಿನ ಹದಿನೈದು, ಹದಿನಾರು, ಹದಿನೇಳು ವರ್ಷದೊಳಗಿನವರ ತಂಡಗಳಲ್ಲಿ ಕ್ರಮವಾಗಿ ಆಡಿದನು. ನಡುವೆ 2018ರಲ್ಲಿ ಎರಡು ಸಲ ಜರ್ಮನಿಯ ಹದಿನಾರರೊಳಗಿನ ತಂಡದ ಅಂಗಿಯನ್ನೂ ತೊಟ್ಟುಬಂದನು. ಅಂದರೆ ಹೆತ್ತ ನಾಡು ಆತನನ್ನು ಮರೆತಿರಲಿಲ್ಲ. ಆತನೂ ಅದನ್ನು ಮರೆತಿರಲಿಲ್ಲ. ಇಂಗ್ಲೆಂಡಿನ ಕಿರಿಯರ ತಂಡದಲ್ಲಿ ಆತನ ಆಪ್ತ ಗೆಳೆಯನಾಗಿದ್ದವನು ಅದೇ ವರ್ಷ ಹುಟ್ಟಿದ ಜೂಡ್ ಬೆಲ್ಲಿಂಗ್‌ಹ್ಯಾಮ್. ಈ ಇಬ್ಬರೂ ಬೇರೆ ಬೇರೆ ಕಾಲದಲ್ಲಿ ಜರ್ಮನಿಗೆ ಹೋದರೆಂಬುದೂ, ಒಬ್ಬನು ಇಂಗ್ಲೆಂಡಿನವನಾಗಿಯೇ ಉಳಿದು ಇನ್ನೊಬ್ಬನು ಜರ್ಮನಿಯವನಾದನೆಂಬುದೂ ಸ್ವಾರಸ್ಯದ ಸಂಗತಿ.

2019ರ ಬೇಸಗೆಯಲ್ಲಿ, ಹದಿನಾರು ವರ್ಷದವನಾದ ಮುಸಿಯಾಲನು ಚೆಲ್ಸಿಯನ್ನು ಬಿಟ್ಟು ಮ್ಯೂನಿಕ್ಕಿನ ಬಯರ್ನ್ ಸಂಘವನ್ನು ಸೇರಿದನು. ಬ್ರಿಟನ್ನು ಯೂರೋಪಿನ ಒಕ್ಕೂಟದಿಂದ ಹೊರಬರುವ ಗೊಂದಲದ ಕಾಲವದು. ಹದಿನೆಂಟು ತುಂಬದ ಆಟಗಾರರು ದೇಶದಿಂದ ದೇಶಕ್ಕೆ ಸಂಘ ಬದಲಾಯಿಸುವುದನ್ನು ಫೀಫಾ ಎಂಬ ಜಾಗತಿಕ ಮಂಡಲಿಯು ನಿಷೇಧಿಸಿದೆ. ಒಕ್ಕೂಟದ ಒಳಗೆ ಮಾತ್ರ ಹದಿನಾರು ತುಂಬಿದವರಿಗೆ ವಿನಾಯಿತಿ ಉಂಟು. 2021ರಿಂದೀಚೆಗೆ ಆ ಬಾಗಿಲು ಇಂಗ್ಲೆಂಡಿನ ಸಂಘಗಳಿಗೆ ಮುಚ್ಚಿಹೋಗಿದೆ. ರಾಜಕಾರಣಿಗಳು ಕೈಯೆತ್ತಿ ಮತ ಹಾಕುವಾಗ ಅದರ ಫಲವು ಯಾವ ಬಾಲಕನ ಹಣೆಯ ಮೇಲೆ ಬರೆಯಲ್ಪಡುವುದೋ ಯಾರು ಬಲ್ಲರು!

ಮ್ಯೂನಿಕ್ಕಿನಲ್ಲಿ ಆತನ ಏಳಿಗೆಯು ಬೆರಗುಗೊಳಿಸುವಷ್ಟು ಶೀಘ್ರವಾಗಿತ್ತು. ಸಂಘದ ಎರಡನೆಯ ತಂಡದಲ್ಲಿ ಕೆಲವು ಪಂದ್ಯಗಳನ್ನಾಡಿದನು. 2020ರ ಜೂನ್ 20ರಂದು ಫ್ರೈಬುರ್ಗ್ ತಂಡದ ವಿರುದ್ಧ ಮೊದಲ ತಂಡದಲ್ಲಿಯೇ ಕಣಕ್ಕಿಳಿದನು. ಆಗ ಆತನ ವಯಸ್ಸು 17 ವರ್ಷ 115 ದಿನ. ಜರ್ಮನಿಯ ಪ್ರಥಮ ಶ್ರೇಣಿಯಲ್ಲಿ ಬಯರ್ನ್ ಪರವಾಗಿ ಅಷ್ಟು ಕಿರಿಯವನು ಅದುವರೆಗೆ ಯಾರೂ ಆಡಿರಲಿಲ್ಲ. ಸೆಪ್ಟೆಂಬರ್ 18ರಂದು ಷಾಲ್ಕೆ ತಂಡವನ್ನು ಎಂಟು ಗೋಲುಗಳಿಂದ ಸೋಲಿಸಿದಾಗ ಅವುಗಳಲ್ಲೊಂದು ಈತನದು. ಆತನ ಆಟದ ಬಗೆಯನ್ನು ಒಂದೆರಡು ಮಾತಿನಲ್ಲಿ ಹೇಳಬಹುದು. ಮೈಕಟ್ಟು ದೊಡ್ಡದಲ್ಲ; ಕಾಲು ನೀಳ, ನಡೆ ಹಗುರ. ನಾಲ್ವರು ಸುತ್ತುಗಟ್ಟಿದಾಗ ಇತರರು ಚೆಂಡನ್ನು ಹಿಂದಕ್ಕೆ ಕೊಟ್ಟು ಪಾರಾಗುವರು. ಈತನು ಆ ನಾಲ್ವರ ನಡುವಣ ಸಂದಿಯನ್ನೇ ಹುಡುಕುವನು. ಚೆಂಡು ಪಾದಕ್ಕೆ ದಾರದಿಂದ ಕಟ್ಟಿದಂತೆ ಸುಳಿಯುವುದು. ಬೀದಿಯ ಆಟದಲ್ಲಿ ಕಾಣುವ ಈ ತುಂಟತನವನ್ನು ಎರಡೂ ದೇಶಗಳ ಶಿಕ್ಷಕರು ತಿದ್ದಿ ಹಾಳುಮಾಡಲಿಲ್ಲವೆಂಬುದು ಅವರ ಹೆಗ್ಗಳಿಕೆ.

ಇನ್ನು ಆಯ್ಕೆಯ ಮಾತು. 2020ರ ನವೆಂಬರಿನಲ್ಲಿ ಆತನು ಇಂಗ್ಲೆಂಡಿನ ಇಪ್ಪತ್ತೊಂದರೊಳಗಿನ ತಂಡದಲ್ಲಿ ಆಡಿ ಅಲ್ಬೇನಿಯಾದ ವಿರುದ್ಧ ಗೋಲು ಹೊಡೆದಿದ್ದನು. ಇಂಗ್ಲೆಂಡಿನ ಹಿರಿಯರ ತಂಡದಿಂದ ಕರೆ ಬಂದಿರಲಿಲ್ಲ. ಇತ್ತ ಜರ್ಮನಿಯ ಪ್ರಧಾನ ಶಿಕ್ಷಕರಾದ ಯೋವಾಕಿಂ ಲೋವರು ತಾವೇ ಹುಡುಗನನ್ನು ಕಂಡು ಮಾತನಾಡಿದರು. ಫೆಬ್ರವರಿ 23ರಂದು ರೋಮಿನ ಲಾಟ್ಸಿಯೋ ತಂಡದ ವಿರುದ್ಧ ಯೂರೋಪಿನ ಸಂಘಗಳ ಮಹಾಪಂದ್ಯಾವಳಿಯಲ್ಲಿ ಗೋಲು ಹೊಡೆದ ಹುಡುಗನು, ಅದೇ ವಾರದಲ್ಲಿ ತಾನು ಜರ್ಮನಿಯ ಪರವಾಗಿ ಆಡುವುದಾಗಿ ಪ್ರಕಟಿಸಿದನು. ಜರ್ಮನಿಗಾಗಿ ಒಂದು ಹೃದಯ, ಇಂಗ್ಲೆಂಡಿಗಾಗಿ ಒಂದು ಹೃದಯ ತನ್ನಲ್ಲಿದ್ದು, ಎರಡೂ ಮಿಡಿಯುತ್ತಲೇ ಇರುವುವೆಂಬ ಭಾವದ ಮಾತನ್ನು ಆಗ ಆಡಿದನು. ಮಾರ್ಚಿ 25ರಂದು ಡುಯಿಸ್‌ಬುರ್ಗ್‌ನಲ್ಲಿ ಐಸ್‌ಲೆಂಡಿನ ವಿರುದ್ಧ ನಡೆದ ವಿಶ್ವಕಪ್ಪಿನ ಅರ್ಹತಾ ಪಂದ್ಯದಲ್ಲಿ, ಆಟ ಮುಗಿಯುವ ಹೊತ್ತಿಗೆ, ಬದಲಿಯಾಗಿ ಒಳಹೊಕ್ಕನು.

ಮುಂದೆ ನಡೆದುದನ್ನು ಕವಿಯೊಬ್ಬನು ಕಲ್ಪಿಸಿ ಬರೆದಿದ್ದರೆ ನಾವು ನಂಬುತ್ತಿರಲಿಲ್ಲ. 2020ರಲ್ಲಿ ನಡೆಯಬೇಕಾಗಿದ್ದು, ಮಹಾಮಾರಿಯ ಕಾರಣ 2021ಕ್ಕೆ ಸರಿದ ಯೂರೋಪಿನ ರಾಷ್ಟ್ರಗಳ ಪಂದ್ಯಾವಳಿಯಲ್ಲಿ, ಜೂನ್ 23ರಂದು ಮ್ಯೂನಿಕ್ಕಿನಲ್ಲಿ ಜರ್ಮನಿಯು ಹಂಗೇರಿಗೆ ಎರಡಕ್ಕೆ ಒಂದರಂತೆ ಸೋಲುತ್ತಲಿತ್ತು. ಸೋತರೆ ಪಂದ್ಯಾವಳಿಯಿಂದಲೇ ಹೊರಕ್ಕೆ. ಕೊನೆಯ ಹತ್ತು ನಿಮಿಷಗಳಿಗೂ ಕಡಮೆ ಉಳಿದಿದ್ದಾಗ ಮುಸಿಯಾಲನನ್ನು ಇಳಿಸಿದರು. ಎಡಪಕ್ಕದಲ್ಲಿ ಆತನು ಎಬ್ಬಿಸಿದ ಗಲಿಬಿಲಿಯಿಂದ ಚೆಂಡು ಗೋರೆಟ್ಸ್ಕನ ಕಾಲಿಗೆ ದೊರೆತು, ಗೋಲಾಗಿ, ಪಂದ್ಯ ಸಮವಾಯಿತು. ಜರ್ಮನಿಯು ಬದುಕಿತು, ಬದುಕಿ ಎಲ್ಲಿಗೆ ಹೋಯಿತು? ಲಂಡನ್ನಿನ ವೆಂಬ್ಲಿಗೆ, ಇಂಗ್ಲೆಂಡಿನ ಎದುರಿಗೆ! ಜೂನ್ 29ರಂದು ಅಲ್ಲಿ ಇಂಗ್ಲೆಂಡು ಎರಡು ಗೋಲುಗಳಿಂದ ಗೆದ್ದಿತು. ಆಟವೆಲ್ಲ ತೀರಿ ಹೆಚ್ಚುವರಿ ಕಾಲ ನಡೆಯುತ್ತಿದ್ದಾಗ ಮಾತ್ರ ಮುಸಿಯಾಲನು ಆ ಬಯಲಿಗೆ ಕಾಲಿಟ್ಟನು. ತಾನು ಬೆಳೆದ ನಗರದಲ್ಲಿ, ತನ್ನ ಗೆಳೆಯರ ಗೆಲವನ್ನು, ಸೋತವರ ಅಂಗಿ ತೊಟ್ಟು ನೋಡಬೇಕಾಯಿತು.

ಆ ಮ್ಯೂನಿಕ್ಕಿನ ಕೆಲವು ನಿಮಿಷಗಳಿಗೆ ಇನ್ನೊಂದು ಅರ್ಥವೂ ಉಂಟು. ಫೀಫಾದ ನಿಬಂಧನೆಯು ಮೊದಲು ಬಹಳ ಬಿಗಿಯಾಗಿತ್ತು. ಹಿರಿಯರ ತಂಡದಲ್ಲಿ ಒಂದು ಅಧಿಕೃತ ಪಂದ್ಯವಾಡಿದವನು ಆ ದೇಶಕ್ಕೆ ಕಟ್ಟುಬಿದ್ದನೆಂದೇ ಲೆಕ್ಕ. 2020ರಲ್ಲಿ ಅದನ್ನು ಸಡಿಲಿಸಿದರು. ಇಪ್ಪತ್ತೊಂದು ತುಂಬುವ ಮುಂಚೆ ಮೂರಕ್ಕೆ ಮೀರದಷ್ಟು ಪಂದ್ಯಗಳನ್ನಾಡಿದವನು, ಮೂರು ವರ್ಷ ಕಳೆದಮೇಲೆ, ಇನ್ನೊಂದು ದೇಶದ ಕಡೆಗೆ ಹೋಗಬಹುದು. ಆದರೆ ವಿಶ್ವಕಪ್ಪಿನ ಅಥವಾ ಖಂಡದ ಅಂತಿಮ ಪಂದ್ಯಾವಳಿಯಲ್ಲಿ ಒಮ್ಮೆ ಆಡಿದರೆ ಮುಗಿಯಿತು. ಹಂಗೇರಿಯ ವಿರುದ್ಧ ಗೆರೆ ದಾಟಿದ ಗಳಿಗೆಯಲ್ಲಿಯೇ ಹುಡುಗನಿಗೆ ಹಿಂದಿರುಗುವ ಹಾದಿ ಮುಚ್ಚಿತು.

ಇಂಗ್ಲೆಂಡಿನಲ್ಲಿ ಕೆಲವರು ಮುನಿಸಿಕೊಂಡರು. ಎಂಟು ವರ್ಷ ಅನ್ನವಿಕ್ಕಿ ವಿದ್ಯೆ ಕಲಿಸಿದ ಮನೆಯನ್ನು ಬಿಟ್ಟು ಹೋದನಲ್ಲ ಎಂಬುದು ಅವರ ಆಕ್ಷೇಪ. ನಮ್ಮ ಪುರಾಣವನ್ನು ಬಲ್ಲವರಿಗೆ ಇಲ್ಲಿ ಕರ್ಣನ ನೆನಪಾಗುವುದು ಸಹಜ. ಜನ್ಮದ ಗುಟ್ಟನ್ನು ತಿಳಿದಮೇಲೂ ಅನ್ನದ ಋಣವನ್ನು ಬಿಡದೆ ನಿಂತವನು ಕರ್ಣ. ಹಾಗಾದರೆ ಈತನೇಕೆ ನಿಲ್ಲಬಾರದು? ಆದರೆ ಈ ಹೋಲಿಕೆಯು ಸಲ್ಲದೆಂದು ನಮ್ಮ ಅಭಿಪ್ರಾಯ. ಕರ್ಣನನ್ನು ಹೆತ್ತವಳು ನೀರಿಗೆ ಬಿಟ್ಟಿದ್ದಳು. ಜರ್ಮನಿಯು ಈತನನ್ನು ಬಿಟ್ಟಿರಲಿಲ್ಲ. ತಾಯಿಯ ಮಾತಾಗಿ ಅದು ಆತನ ಮನೆಯೊಳಗೇ ಇದ್ದಿತು. ಚೆಲ್ಸಿಯೂ ಧರ್ಮಛತ್ರವಲ್ಲ, ಹತ್ತಾರು ಹುಡುಗರನ್ನು ತಂದು, ಇಬ್ಬರನ್ನು ಇಟ್ಟುಕೊಂಡು, ಉಳಿದವರನ್ನು ಹದಿನೆಂಟರಲ್ಲಿ ಮನೆಗೆ ಕಳುಹಿಸುವ ವ್ಯಾಪಾರ ಈ ದೊಡ್ಡ ಸಂಘಗಳದು. ಹುಡುಗನನ್ನು ಬೇಡವೆನ್ನುವ ಸ್ವಾತಂತ್ರ್ಯ ಸಂಘಕ್ಕಿರುವಾಗ, ಹೋಗುತ್ತೇನೆನ್ನುವ ಸ್ವಾತಂತ್ರ್ಯ ಹುಡುಗನಿಗೇಕೆ ಇರಬಾರದು?

ಒಂದು ಮನೆಯ ಇಬ್ಬರು ಮಕ್ಕಳು ಬೇರೆ ಬೇರೆ ಹಾದಿ ಹಿಡಿದುದೂ ಉಂಟು. ಬರ್ಲಿನ್ನಿನಲ್ಲಿ ಹುಟ್ಟಿದ ಬೋವಾಟೆಂಗ್ ಸೋದರರಲ್ಲಿ ಜೆರೋಮನು ಜರ್ಮನಿಯನ್ನೂ ಕೆವಿನ್ ಪ್ರಿನ್ಸನು ತಂದೆಯ ನಾಡಾದ ಘಾನಾವನ್ನೂ ಆರಿಸಿಕೊಂಡರು. 2010ರ ಜೂನ್ 23ರಂದು ಜೋಹಾನ್ಸ್‌ಬರ್ಗಿನಲ್ಲಿ ಒಬ್ಬರಿಗೊಬ್ಬರು ಎದುರಾಳಿಗಳಾಗಿ ನಿಂತರು. ಇದಕ್ಕಿಂತ ಕಹಿಯಾದುದು ಮೆಸುಟ್ ಓಜಿಲರ ಕಥೆ. ತುರ್ಕಿ ಮೂಲದ ಈ ಆಟಗಾರರು ತುರ್ಕಿಯ ಪೌರತ್ವವನ್ನು ಬಿಟ್ಟುಕೊಟ್ಟು ಜರ್ಮನಿಯವರಾದರು. 2014ರಲ್ಲಿ ವಿಶ್ವಕಪ್ಪನ್ನು ಗೆದ್ದುಕೊಟ್ಟವರಲ್ಲಿ ಒಬ್ಬರಾದರು. 2018ರಲ್ಲಿ ತುರ್ಕಿಯ ಅಧ್ಯಕ್ಷರೊಡನೆ ತೆಗೆಸಿಕೊಂಡ ಒಂದು ಭಾವಚಿತ್ರ, ಅದರ ಬೆನ್ನಿಗೇ ತಂಡದ ಸೋಲು. ದೂಷಣೆಯೆಲ್ಲ ಅವರ ತಲೆಗೆ ಬಂದಿತು. ಗೆದ್ದಾಗ ಜರ್ಮನ್, ಸೋತಾಗ ಪರದೇಶಿ ಎಂಬಂತಾಯಿತು ತನ್ನ ಗತಿ ಎಂದು ಅವರು ತಂಡವನ್ನೇ ತೊರೆದರು. ಇದಾದ ಮೂರು ವರ್ಷಗಳೊಳಗೆ ಮುಸಿಯಾಲನು ಅದೇ ಜರ್ಮನಿಯನ್ನು ಆರಿಸಿಕೊಂಡನೆಂದರೆ, ಕಣ್ಣು ಮುಚ್ಚಿ ಆರಿಸಿದನೆಂದು ಹೇಳಲಾಗದು. ನಿಷ್ಠೆಯ ಪ್ರಶ್ನೆಯನ್ನು ನಾವು ಯಾವಾಗಲೂ ಹುಡುಗನಿಗೆ ಹಾಕುತ್ತೇವೆ, ದೇಶಕ್ಕೆ ಹಾಕುವುದಿಲ್ಲ.

2023ರ ಮೇ 27ರಂದು, ಋತುವಿನ ಕಡೆಯ ದಿನ, ಕಲೋನಿನಲ್ಲಿ 89ನೆಯ ನಿಮಿಷಕ್ಕೆ ಹೊಡೆದ ಗೋಲಿನಿಂದ ಆತನು ಬಯರ್ನಿಗೆ ಪ್ರಶಸ್ತಿಯನ್ನು ತಂದಿತ್ತನು. ಪ್ರಶಸ್ತಿಯನ್ನು ಕಳೆದುಕೊಂಡ ಡಾರ್ಟ್‌ಮುಂಡ್ ತಂಡವು ಗೆಳೆಯ ಬೆಲ್ಲಿಂಗ್‌ಹ್ಯಾಮನದು. ಬೆಳೆದ ಮೇಲಣ ಕಥೆಯನ್ನು ಇಲ್ಲಿಗೆ ನಿಲ್ಲಿಸಿ, ನಮ್ಮ ಮನೆಯ ಕಡೆ ಒಮ್ಮೆ ನೋಡೋಣ.

ಇಂತಹ ಹುಡುಗನು ಭಾರತೀಯರ ಮನೆಯಲ್ಲಿ ಹುಟ್ಟಿದ್ದರೆ ಏನಾಗುತ್ತಿತ್ತು? ನಮ್ಮ ಸಂವಿಧಾನದ 9ನೆಯ ಅನುಚ್ಛೇದವು ತಾನಾಗಿ ಅನ್ಯರಾಜ್ಯದ ಪೌರತ್ವ ಪಡೆದವನನ್ನು ಭಾರತದ ಪೌರನೆಂದು ಎಣಿಸುವುದಿಲ್ಲ. 1955ರ ಪೌರತ್ವ ಶಾಸನವೂ ಅದೇ ಹಾದಿಯಲ್ಲಿದೆ. ದೇಶವಿಭಜನೆಯ ಬೆಂಕಿಯಿಂದ ಆಗತಾನೆ ಹೊರಬಂದಿದ್ದ ಹಿರಿಯರು ಎರಡು ದೋಣಿಯಲ್ಲಿ ಕಾಲಿಡುವುದನ್ನು ಒಪ್ಪಲಿಲ್ಲವೆಂಬುದರಲ್ಲಿ ಅರ್ಥವಿದೆ. 2005ರಿಂದ ವ್ಯಾಪಕವಾಗಿ ದೊರೆಯುತ್ತಿರುವ ಸಾಗರೋತ್ತರ ಭಾರತೀಯರ ಕಾರ್ಡು ಪೌರತ್ವವಲ್ಲ. ಅದು ದೀರ್ಘಕಾಲದ ಪ್ರವೇಶಾನುಮತಿ ಮಾತ್ರ. ಭಾರತದ ರಹದಾರಿಯುಳ್ಳವರೇ ಭಾರತದ ಪರವಾಗಿ ಆಡತಕ್ಕದ್ದೆಂದು 2008ರಲ್ಲಿ ಸರ್ಕಾರವು ವಿಧಿಸಿತು. ಜಪಾನಿನಲ್ಲಿ ಹುಟ್ಟಿ ಭಾರತಕ್ಕೆ ಬಂದು ಆಡುತ್ತಿದ್ದ ಇಝುಮಿ ಅರಾಟರು 2012ರಲ್ಲಿ ಜಪಾನಿನ ಪೌರತ್ವವನ್ನು ತ್ಯಜಿಸಿ, ಮರುವರ್ಷ ಭಾರತದ ತಂಡದಲ್ಲಿ ಆಡಿದರು. ನಮ್ಮ ಬೆಂಗಳೂರಿನ ತಂಡದ ರಾಯನ್ ವಿಲಿಯಮ್ಸರು, ತಾಯಿಯ ಕಡೆಯಿಂದ ಮುಂಬಯಿಯ ನಂಟುಳ್ಳವರು, 2025ರಲ್ಲಿ ಆಸ್ಟ್ರೇಲಿಯಾದ ಪೌರತ್ವವನ್ನು ಬಿಟ್ಟು ಭಾರತೀಯರಾದರು. ಇಬ್ಬರೂ ಮೂವತ್ತರ ಆಚೀಚೆಯವರು. ಬುದ್ಧಿ ಬಲಿತು ಮಾಡಿದ ತ್ಯಾಗವದು.

ಕಾಲ್ಚೆಂಡು ನಮ್ಮವರಿಗೆ ಹೊಸದಲ್ಲ. ಮೈಸೂರು ತಂಡವು 1946-47ರಲ್ಲಿಯೇ ಸಂತೋಷ್ ಟ್ರೋಫಿಯನ್ನು ಗೆದ್ದಿತ್ತು. 1948ರ ಲಂಡನ್ ಒಲಿಂಪಿಕ್ಸಿನಲ್ಲಿ ಫ್ರಾನ್ಸಿನ ವಿರುದ್ಧ ಭಾರತದ ಏಕಮಾತ್ರ ಗೋಲನ್ನು ಹೊಡೆದವರು ಬೆಂಗಳೂರಿನ ಸಾರಂಗಪಾಣಿ ರಾಮನ್ನರು. ಆದುದರಿಂದ ಹೊರನಾಡಿನ ಮಕ್ಕಳು ಬಂದು ಉದ್ಧರಿಸಲೆಂದು ಕಾಯುವುದು ನಮಗೆ ಶೋಭಿಸದು. ಜರ್ಮನಿಯೂ 2000ದ ಸೋಲಿನ ತರುವಾಯ ಮೊದಲು ಮಾಡಿದ ಕೆಲಸವು ಊರೂರಿನಲ್ಲಿ ಬಾಲಕರ ತರಬೇತಿ ಕೇಂದ್ರಗಳನ್ನು ಕಟ್ಟಿದುದೇ. ಆದರೂ ಒಂದು ಮಾತನ್ನು ಅಧಿಕಾರಿವರ್ಗದ ಗಮನಕ್ಕೆ ತರುವೆವು. ಹೊರದೇಶದಲ್ಲಿ ಭಾರತೀಯರಿಗೆ ಹುಟ್ಟಿ ಜನ್ಮದಿಂದಲೇ ಎರಡು ಪೌರತ್ವ ಪಡೆದ ಮಗುವು, ವಯಸ್ಕನಾದ ಆರು ತಿಂಗಳೊಳಗೆ ಇನ್ನೊಂದನ್ನು ತ್ಯಜಿಸದಿದ್ದರೆ ಭಾರತದ ಪೌರನಾಗಿ ಉಳಿಯುವುದಿಲ್ಲ. ಮುಸಿಯಾಲನಿಗೆ ಹದಿನೆಂಟರಲ್ಲಿ ಆರಿಸಬೇಕಾದುದು ಒಂದು ಅಂಗಿಯನ್ನು ಮಾತ್ರ. ನಮ್ಮ ಹುಡುಗನು ಅದೇ ವಯಸ್ಸಿನಲ್ಲಿ, ಓದು ಮುಗಿಯದೆ, ಉದ್ಯೋಗ ಕಾಣದೆ, ಒಂದು ದೇಶವನ್ನೇ ಕಳೆದುಕೊಳ್ಳಬೇಕು. ಈ ಗಡುವನ್ನು ಇಪ್ಪತ್ತೊಂದೋ ಇಪ್ಪತ್ತೆರಡೋ ವರ್ಷಕ್ಕೆ ಏರಿಸಬಹುದಲ್ಲವೆ? ಅದಕ್ಕೆ ಸಂವಿಧಾನವನ್ನು ಮುಟ್ಟಬೇಕಾಗಿಲ್ಲ. 1955ರ ಶಾಸನದ ನಾಲ್ಕನೆಯ ಪ್ರಕರಣದಲ್ಲಿ ಒಂದು ವಾಕ್ಯವನ್ನು ತಿದ್ದಿದರೆ ಸಾಕು.