ನೋಟೀಸು ಬಂದರೆ ಬಾಗಿಲು ಮುಚ್ಚಬೇಕೆ?

ನಮ್ಮ ಕಡೆಯಿಂದ ಮುಂಬಯಿಗೆ ಬಂದವರಲ್ಲಿ ಹೋಟೆಲು, ಅಂಗಡಿ ನಡೆಸಿ ಸಂಸಾರ ಸಾಗಿಸಿದವರು ಬಹಳ ಮಂದಿ. ಒಲೆ ನಮ್ಮದು, ಪಾತ್ರೆ ನಮ್ಮದು, ದುಡಿಮೆ ನಮ್ಮದು. ಎಷ್ಟೋ ಕಡೆ ಜಾಗ ಮಾತ್ರ ಇನ್ನೊಬ್ಬರದು. ಹೀಗಿರುವಾಗ ಮಾಲಕರ ವಕೀಲರಿಂದ ಒಂದು ಕಾಗದ ಬಂದಿತೆಂದರೆ ಮನೆಮಂದಿಗೆಲ್ಲ ಅನ್ನ ಗಂಟಲಲ್ಲಿ ಇಳಿಯುವುದಿಲ್ಲ.

ಎಂಟು ವರ್ಷಗಳ ಹಿಂದಿನ ಮಾತು. ಘಾಟಕೋಪರದಲ್ಲಿ ಚಿಕ್ಕದೊಂದು ಚಹಾ-ತಿಂಡಿಯ ಹೋಟೆಲು ನಡೆಸುತ್ತಿದ್ದ ಹಿರಿಯರೊಬ್ಬರು ಒಂದು ಭಾನುವಾರ ನಮ್ಮ ಮನೆಗೆ ಬಂದರು. "ರಾಯರೇ, ನೀವು ಸರಕಾರಿ ಕಚೇರಿಯವರು. ಇದೇನೆಂದು ಓದಿ ಹೇಳಿ" ಎಂದು ಕೋರ್ಟಿನ ಸಮನ್ಸನ್ನು ನನ್ನ ಮುಂದಿಟ್ಟರು. ಏಳು ತಿಂಗಳ ಬಾಡಿಗೆ ಬಾಕಿ ಇದೆ, ಜಾಗ ಬಿಡಿಸಿಕೊಡಬೇಕು ಎಂಬ ದಾವೆ.

"ಮೊದಲು ನೋಟೀಸು ಬಂದಿರಬೇಕಲ್ಲ, ಅಣ್ಣಾ?" ಎಂದೆ.

"ಟಪಾಲಿನವನು ರಿಜಿಸ್ಟರು ತಂದಿದ್ದ. ಸಹಿ ಹಾಕಿದರೆ ಸಿಕ್ಕಿಬಿದ್ದೇನೆಂದು ಹೆದರಿ ವಾಪಸು ಕಳಿಸಿಬಿಟ್ಟೆ ಮಾರಾಯರೇ."

ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದ ಕಥೆಯಾಯಿತು! ಸರಿಯಾದ ವಿಳಾಸಕ್ಕೆ ಬಂದ ಪತ್ರವನ್ನು ಬೇಡವೆಂದು ತಿರುಗಿಸಿದರೆ, ಅದು ತಲುಪಿತೆಂದೇ ನ್ಯಾಯಾಲಯವು ಸಾಮಾನ್ಯವಾಗಿ ತಿಳಿಯುತ್ತದೆ. ಅವರು ತಿರುಗಿಸಿದ್ದು ಬರಿಯ ಲಕೋಟೆಯನ್ನಲ್ಲ, ಕಾಯಿದೆ ಕೊಟ್ಟಿದ್ದ 90 ದಿವಸಗಳನ್ನು.

ಮುಂಬಯಿಯ ಬಾಡಿಗೆದಾರರಿಗೆ ಹಿಂದೆ 1947ರ ಕಾಯಿದೆಯ ರಕ್ಷಣೆಯಿತ್ತು. ಅದರ ಬದಲಿಗೆ 1999ರ ಮಹಾರಾಷ್ಟ್ರ ಬಾಡಿಗೆ ನಿಯಂತ್ರಣ ಕಾಯಿದೆಯು 2000ದ ಮಾರ್ಚ್ 31ರಿಂದ ಜಾರಿಗೆ ಬಂದಿತು. ಮನೆಗಳಂತೆ ವ್ಯಾಪಾರದ ಜಾಗಗಳಿಗೂ ಅದು ಅನ್ವಯಿಸುತ್ತದೆ. ಅದರ 15ನೆಯ ಕಲಮಿನಂತೆ, ಬಾಡಿಗೆ ಬಾಕಿಗಾಗಿ ಜಾಗ ಬಿಡಿಸಬೇಕಾದರೆ ಮಾಲಕರು ಮೊದಲು ಲಿಖಿತವಾಗಿ ಬಾಕಿ ಕೇಳಬೇಕು. ಆ ಮೇಲೆ 90 ದಿವಸ ಕಳೆಯದೆ ದಾವೆ ಹೂಡುವಂತಿಲ್ಲ. ಸಮನ್ಸು ತಲುಪಿದ ಮೇಲೂ ಇನ್ನೊಂದು ಅವಕಾಶವುಂಟು. ಮತ್ತೆ 90 ದಿವಸಗಳೊಳಗೆ ಬಾಕಿಯನ್ನು ವರ್ಷಕ್ಕೆ ಶೇಕಡಾ 15ರ ಬಡ್ಡಿ ಸೇರಿಸಿ ಕೋರ್ಟಿನಲ್ಲಿ ಕಟ್ಟಿ, ದಾವೆ ಮುಗಿಯುವ ತನಕ ಬಾಡಿಗೆ ತಪ್ಪಿಸದೆ, ಖರ್ಚನ್ನೂ ಕೊಟ್ಟರೆ ಆ ಕಾರಣಕ್ಕೆ ಹೊರಹಾಕುವ ಡಿಕ್ರಿಯಾಗದು.

ಹಾಗೆಂದು, ನೋಟೀಸು ಬಂದಿಲ್ಲವೆಂದು ನಿಶ್ಚಿಂತೆಯಿಂದಲೂ ಇರಬಾರದು. ಬಾಕಿಯ ಹೊರತು ಬೇರೆ ಕಾರಣಗಳೂ ಇವೆ: ಅನುಮತಿಯಿಲ್ಲದೆ ಒಳಬಾಡಿಗೆಗೆ ಕೊಡುವುದು, ಸಕಾರಣವಿಲ್ಲದೆ ಆರು ತಿಂಗಳು ಜಾಗವನ್ನು ಬಳಸದಿರುವುದು, ಮಾಲಕರಿಗೇ ನಿಜವಾಗಿ ಬೇಕಾಗಿರುವುದು. ಬಾಡಿಗೆ ಕಾಯಿದೆಯ ಕೆಳಗೆ ದಾವೆ ಹೂಡುವುದಕ್ಕೆ 1882ರ ಆಸ್ತಿ ವರ್ಗಾವಣೆ ಕಾಯಿದೆಯ 106ನೆಯ ಕಲಮಿನ ನೋಟೀಸು ಬೇಕಿಲ್ಲವೆಂದು ಸುಪ್ರೀಂ ಕೋರ್ಟಿನ ಏಳು ಮಂದಿ ನ್ಯಾಯಮೂರ್ತಿಗಳು 1979ರಲ್ಲಿ ಧನಪಾಲ ಚೆಟ್ಟಿಯಾರರ ಮೊಕದ್ದಮೆಯಲ್ಲಿ ತೀರ್ಮಾನಿಸಿದ್ದಾರೆ.

ಈ ರಕ್ಷಣೆ ಎಲ್ಲರಿಗೂ ಇಲ್ಲ. ಬ್ಯಾಂಕುಗಳು, ಒಂದು ಕೋಟಿ ರೂಪಾಯಿ ಅಥವಾ ಅದಕ್ಕೆ ಮೀರಿದ ಪಾವತಿಯಾದ ಬಂಡವಾಳವುಳ್ಳ ಕಂಪನಿಗಳು ಇದರ ಹೊರಗೆ. ಅಂಥ ಕಡೆ, ಬೇರೆ ಕರಾರಿಲ್ಲದಿದ್ದರೆ, ತಿಂಗಳ ಬಾಡಿಗೆಗೆ 15 ದಿವಸದ ನೋಟೀಸು, ತಯಾರಿಕೆಯ ಕೆಲಸಕ್ಕೆ ಕೊಟ್ಟ ಜಾಗಕ್ಕೆ ಆರು ತಿಂಗಳದ್ದು ಸಾಕು. ಇನ್ನು 'ಲೀವ್ ಅಂಡ್ ಲೈಸನ್ಸ್' ಎಂದು ಬರೆದ ಕಾಗದಕ್ಕೆ ಸಹಿ ಹಾಕಿದವರನ್ನು ಸಾಮಾನ್ಯವಾಗಿ ಬಾಡಿಗೆದಾರರೆಂದು ಎಣಿಸುವುದಿಲ್ಲ; ಅವಧಿ ಮುಗಿದರೆ ಬಿಡಬೇಕಾಗುತ್ತದೆ. ಸಹಿ ಹಾಕುವ ಮುನ್ನ ಕಾಗದದ ತಲೆಬರಹವನ್ನಾದರೂ ಓದಿ!

ಮಾಲಕರ ಕಡೆಗೂ ನ್ಯಾಯವುಂಟು. ಎಷ್ಟೋ ಕಟ್ಟಡಗಳ ಬಾಡಿಗೆ 1940ರ ಮಟ್ಟದಲ್ಲೇ ನಿಂತುಬಿಟ್ಟಿತ್ತು. ಮಲ್ಪೆ ವಿಶ್ವನಾಥ ಆಚಾರ್ಯ ಮತ್ತಿತರರ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಹೀಗೆ ಬಾಡಿಗೆಯನ್ನು ಕಟ್ಟಿಹಾಕುವುದು ಕಾಲ ಕಳೆದಂತೆ ಅನ್ಯಾಯವಾಗಿದೆಯೆಂದು 1997ರ ಡಿಸೆಂಬರಿನಲ್ಲಿ ಹೇಳಿತು. ಹೊಸ ಕಾಯಿದೆಯಲ್ಲಿ ವರ್ಷಕ್ಕೆ ಶೇಕಡಾ 4ರ ಏರಿಕೆಗೆ ಅವಕಾಶ ದೊರೆಯಿತು. ಆದರೆ ಯಾವ ಮಾಲಕರೂ ಕೋರ್ಟಿನ ಹುಕುಂ ಇಲ್ಲದೆ ತಾವೇ ಬೀಗ ಜಡಿದು ಸಾಮಾನು ಹೊರಗೆಸೆಯುವಂತಿಲ್ಲ. ಎಸೆದರೆ, ಆರು ತಿಂಗಳೊಳಗೆ ದಾವೆ ಹೂಡಿ ಜಾಗವನ್ನು ಮರಳಿ ಕೇಳಬಹುದು.

ಗುಮಾಸ್ತನಾಗಿ ನಾನು ಕಲಿತದ್ದು ಇಷ್ಟೇ: ಕಾಗದಕ್ಕೆ ಹೆದರಬಾರದು, ಅದನ್ನು ಅಲಕ್ಷಿಸಲೂ ಬಾರದು. ಬಂದ ಪತ್ರವನ್ನು ತೆಗೆದುಕೊಳ್ಳಿ, ಬಂದ ತಾರೀಖನ್ನು ಅದರ ಮೇಲೇ ಬರೆಯಿರಿ, ಲಕೋಟೆಯನ್ನು ಎಸೆಯಬೇಡಿ. ಬಾಡಿಗೆಯನ್ನು ಬ್ಯಾಂಕಿನ ಮೂಲಕ ಕೊಡಿ; ಕೈಯಲ್ಲಿ ಕೊಟ್ಟರೆ ರಸೀದಿ ಕೇಳಿ. ಆ ವಾರದಲ್ಲೇ ವಕೀಲರನ್ನು ಕಾಣಿರಿ.

ನಮ್ಮ ಹಿರಿಯರ ಹೋಟೆಲು ಉಳಿಯಿತು. ಆದರೆ ಬಾಕಿ, ಬಡ್ಡಿ, ಖರ್ಚು ಎಲ್ಲವನ್ನೂ ಒಟ್ಟಿಗೆ ಕಟ್ಟಲು ಅವರ ಮನೆಯವರ ಎರಡು ಬಳೆ ಒತ್ತೆ ಹೋದವು. ಲಕೋಟೆಯನ್ನು ಅಂದೇ ಒಡೆದಿದ್ದರೆ ಮೂರು ತಿಂಗಳ ಸಂಪಾದನೆಯಲ್ಲಿ ಸ್ವಲ್ಪ ಸ್ವಲ್ಪವಾಗಿ ಕೂಡಿಸಬಹುದಿತ್ತು. ಈಗ ಅವರ ಗಲ್ಲಾದ ಕೆಳಗಿನ ಖಾನೆಯಲ್ಲಿ ಒಂದು ಫೈಲು ಇದೆ. ಟಪಾಲಿನವನು ಬಂದರೆ ಮೊದಲು ಚಹಾ ಕೊಟ್ಟು, ಆ ಮೇಲೆ ಸಹಿ ಹಾಕುತ್ತಾರೆ.